ಹೆಸರಿಗಿಂತ ಮೊದಲು ಬಂದ ಮುಖ

ಸಿನಿಮಾದ ಮೊದಲ ‘ತಾರೆ’ ಯಾರೆಂದು ಕೇಳಿದರೆ ಹೆಚ್ಚಿನ ಚರಿತ್ರೆಕಾರರು ಫ್ಲಾರೆನ್ಸ್ ಲಾರೆನ್ಸ್ ಹೆಸರು ಹೇಳುತ್ತಾರೆ. ಹೇಳಿದ ಕೂಡಲೇ ಆ ಕೀರ್ತಿಯನ್ನು ನಿರ್ಮಾಪಕ ಕಾರ್ಲ್ ಲೆಮ್ಲಿ ಅವರ ಖಾತೆಗೆ ಜಮಾ ಮಾಡಿಬಿಡುತ್ತಾರೆ. ಲಾರೆನ್ಸ್ ಅಪಘಾತದಲ್ಲಿ ತೀರಿಕೊಂಡರೆಂಬ ಸುದ್ದಿ 1910ರಲ್ಲಿ ಹಬ್ಬಿತು. ಅದು ಹಸಿ ಸುಳ್ಳು, ವಿರೋಧಿಗಳ ಕಿತಾಪತಿ ಎಂದು ಲೆಮ್ಲಿ ಮಾರ್ಚ್ ತಿಂಗಳಲ್ಲಿ ‘ಮೂವಿಂಗ್ ಪಿಕ್ಚರ್ ವರ್ಲ್ಡ್’ ಪತ್ರಿಕೆಗೆ ಜಾಹೀರಾತು ಕೊಟ್ಟರು. ಸುದ್ದಿ ಹಬ್ಬಿಸಿದವರೂ ಅವರೇ ಎಂಬ ಆರೋಪ ಹಳೆಯದು. ಬಳಿಕ ಲಾರೆನ್ಸ್ ಸೇಂಟ್ ಲೂಯಿಸ್ ನಗರಕ್ಕೆ ಬಂದಿಳಿದಾಗ ಜನ ಮುಗಿಬಿದ್ದರು. ಕಥೆ ಸೊಗಸಾಗಿದೆ, ಆದರೆ ತಲೆಕೆಳಗಾಗಿದೆ. ಗುರುತು ಪರಿಚಯವಿಲ್ಲದವರು ಸತ್ತರೆಂದರೆ ಯಾರು ಕಳವಳಪಡುತ್ತಾರೆ? ಲೆಮ್ಲಿ ಮಾರಿದ್ದು ಜನ ಆಗಲೇ ಮೆಚ್ಚಿಕೊಂಡಿದ್ದ ಮುಖವನ್ನು.

ಆ ಮೆಚ್ಚುಗೆ ಹುಟ್ಟಿದ್ದು ನ್ಯೂಯಾರ್ಕಿನ ಬಯೋಗ್ರಾಫ್ ಕಂಪನಿಯಲ್ಲಿ. ಕೆನಡಾದ ಹ್ಯಾಮಿಲ್ಟನ್‌ನಲ್ಲಿ ಹುಟ್ಟಿ, ತಾಯಿಯ ನಾಟಕ ಮಂಡಳಿಯಲ್ಲಿ ಬಾಲನಟಿಯಾಗಿ ಪಳಗಿದ್ದ ಲಾರೆನ್ಸ್ 1908ರಲ್ಲಿ ಅಲ್ಲಿಗೆ ಸೇರಿದರು. ನಿರ್ದೇಶಕ ಡಿ.ಡಬ್ಲ್ಯೂ. ಗ್ರಿಫಿತ್. ಕಂಪನಿ ಮಾತ್ರ ನಟರ ಹೆಸರನ್ನು ಪರದೆಗೂ ತರುತ್ತಿರಲಿಲ್ಲ, ಪತ್ರಿಕೆಗೂ ಕೊಡುತ್ತಿರಲಿಲ್ಲ. ಹೆಸರು ಬಂದರೆ ಸಂಬಳ ಏರುತ್ತದೆಂಬ ಭಯ ಇದರ ಹಿಂದಿತ್ತೆಂದು ಹೇಳುತ್ತಾರೆ. ಆದರೆ ಜೋನ್ಸ್ ದಂಪತಿಯ ಪುಟ್ಟ ಹಾಸ್ಯಚಿತ್ರಗಳನ್ನೇ ನೋಡಿ: ಗಂಡನಾಗಿ ಜಾನ್ ಕಂಪ್ಸನ್, ಹೆಂಡತಿಯಾಗಿ ಲಾರೆನ್ಸ್, ಅದೇ ಜೋಡಿ ಪ್ರತಿ ಸಲವೂ ಹೊಸ ಫಜೀತಿಯಲ್ಲಿ. ನಡುವೆ ಶೇಕ್ಸ್‌ಪಿಯರನ ಗಯ್ಯಾಳಿಯಾಗಿ, ಟಾಲ್‌ಸ್ಟಾಯ್ ಕಥೆಯ ನೊಂದ ಹೆಣ್ಣಾಗಿ ಬಂದವರೂ ಇವರೇ. ಮತ್ತೆ ಮತ್ತೆ ಕಂಡ ಮುಖಕ್ಕೆ ಹೆಸರು ಸಿಗದೆ ಜನ ‘ಬಯೋಗ್ರಾಫ್ ಹುಡುಗಿ’ ಎಂದೇ ಕರೆದರು. ಪ್ರಚಾರವಿಲ್ಲದೆ, ಕೇವಲ ಅಭಿನಯದ ಬಲದಿಂದ ಬಂದ ಈ ಬಿರುದು ನನ್ನ ದೃಷ್ಟಿಯಲ್ಲಿ ಲೆಮ್ಲಿಯ ಜಾಹೀರಾತಿಗಿಂತ ದೊಡ್ಡ ಸಾಕ್ಷಿ.

ಫ್ರಾನ್ಸಿನಲ್ಲಿ ಮ್ಯಾಕ್ಸ್ ಲಿಂಡರ್ ಆ ವೇಳೆಗೇ ಮನೆಮಾತಾಗುತ್ತಿದ್ದರು, ಅಮೆರಿಕದಲ್ಲೂ ಬೇರೆ ಕಂಪನಿಗಳು ನಟರ ಹೆಸರು ಹೇಳಲು ಶುರುಮಾಡಿದ್ದವು ಎಂದು ಆಕ್ಷೇಪಿಸಬಹುದು. ನಿಜ, ‘ಮೊದಲ’ ಎಂಬ ಪಟ್ಟಕ್ಕಾಗಿ ಜಗಳ ಬೇಡ. ಆದರೆ ಎಲ್ಲ ಕಡೆಯೂ ಒಂದೇ ಹೊತ್ತಿಗೆ ಬಾಗಿಲು ತೆರೆಯತೊಡಗಿತೆಂದರೆ, ಒತ್ತಡ ಪ್ರೇಕ್ಷಕರಿಂದಲೇ ಬಂದಿತ್ತು ಎಂಬ ವಾದಕ್ಕೆ ಅದು ಇನ್ನಷ್ಟು ಬಲ. ಇನ್ನೊಂದು ಆಕ್ಷೇಪ ಗಟ್ಟಿಯಾದದ್ದು. ಲಾರೆನ್ಸ್ ಬಯೋಗ್ರಾಫ್ ಬಿಟ್ಟು ಲೆಮ್ಲಿಯ ಕಂಪನಿಗೆ ಹೋದ ಮೇಲೆ ‘ಬಯೋಗ್ರಾಫ್ ಹುಡುಗಿ’ ಎಂಬ ಬಿರುದು ಮೇರಿ ಪಿಕ್‌ಫೋರ್ಡ್ ಪಾಲಾಯಿತಲ್ಲ, ಹಾಗಾದರೆ ಜನ ಪ್ರೀತಿಸಿದ್ದು ಕಂಪನಿಯ ಮೊಹರನ್ನೇ? ಅಲ್ಲ. ಮೊಹರು ಬಯೋಗ್ರಾಫ್‌ನಲ್ಲೇ ಉಳಿಯಿತು, ಅಭಿಮಾನಿಗಳು ಲಾರೆನ್ಸ್ ಬೆನ್ನಿಗೆ ಹೋದರು. 1912ರಲ್ಲಿ ಅವರು ಗಂಡನ ಜೊತೆ ವಿಕ್ಟರ್ ಎಂಬ ಸ್ವಂತ ಕಂಪನಿ ಕಟ್ಟುವಷ್ಟು ಆ ಹೆಸರಿಗೆ ಬೆಲೆ ಬಂದಿತ್ತು.

ಮುಂದೆ ಬೆಂಕಿಯ ದೃಶ್ಯವೊಂದರ ಚಿತ್ರೀಕರಣದಲ್ಲಿ ಗಾಯಗೊಂಡು ಲಾರೆನ್ಸ್ ತೆರೆಯಿಂದ ದೂರವಾದರು. 1916ರಲ್ಲಿ ‘ಎಲ್ಯೂಸಿವ್ ಇಸಾಬೆಲ್’ ಮೂಲಕ ಮರಳಿದಾಗ ಚಿತ್ರದ ಹಿಂದಿದ್ದದ್ದು ಲೆಮ್ಲಿಯವರದೇ ಯೂನಿವರ್ಸಲ್. ಅದೇ ನಿರ್ಮಾಪಕ, ಆರು ವರ್ಷದ ಹಿಂದಿನದಕ್ಕಿಂತ ಎಷ್ಟೋ ದೊಡ್ಡ ಸಂಸ್ಥೆ. ಆದರೂ ಹಳೆಯ ಜನಪ್ರಿಯತೆ ಮರಳಲಿಲ್ಲ, ಪ್ರೇಕ್ಷಕರು ಅಷ್ಟರಲ್ಲಿ ಬೇರೆ ಮುಖಗಳನ್ನು ಮೆಚ್ಚಿಕೊಂಡಾಗಿತ್ತು.