ಮೆಕ್ಸಿಕೋದ ಜನ: ಗಡಿ, ವಲಸೆ ಮತ್ತು ಮನೆಮಾತು

ಜನರು ಗಡಿಯನ್ನು ದಾಟಿ ಹೋಗುವುದನ್ನು ನಾವು ವಲಸೆಯೆಂದು ಕರೆಯುತ್ತೇವೆ. ಕೆಲವೊಮ್ಮೆ ಗಡಿಯೇ ಜನರನ್ನು ದಾಟಿ ಹೋಗುವುದೂ ಉಂಟು. ಆಗ ಮನೆಯೂ ಹೊಲವೂ ಇದ್ದಲ್ಲಿಯೇ ಇರುತ್ತವೆ. ರಾಜ್ಯ ಮಾತ್ರ ಬದಲಾಗುತ್ತದೆ. 1956ನೆಯ ಇಸವಿಯ ರಾಜ್ಯ ಪುನರ್ವಿಂಗಡಣೆಯ ಫಲವನ್ನು ಇಂದಿಗೂ ಉಣ್ಣುತ್ತಿರುವ ಗಡಿನಾಡಿನ ಉಪಾಧ್ಯಾಯ ಬಂಧುಗಳಿಗೆ ಇದನ್ನು ವಿಸ್ತರಿಸಿ ಹೇಳಬೇಕಾದುದಿಲ್ಲ. ಮೆಕ್ಸಿಕೋ ದೇಶದವರು ಈ ಎರಡು ಬಗೆಯ ಸ್ಥಿತ್ಯಂತರಗಳನ್ನೂ ಕಂಡವರು. ಮೊದಲು ಗಡಿಯು ಅವರನ್ನು ದಾಟಿತು. ತರುವಾಯ ಅವರು ಗಡಿಯನ್ನು ದಾಟತೊಡಗಿದರು. ಈ ಎರಡರ ನಡುವೆ ಅವರ ಶಾಲೆಗಳಲ್ಲಿ ನಡೆದುದೇನು, ಅವರ ಮನೆಮಾತಿಗೆ ಒದಗಿದ ಗತಿಯೇನು ಎಂಬುದನ್ನು ಸಂಕ್ಷೇಪವಾಗಿ ವಿವರಿಸುವುದು ಪ್ರಕೃತ ಲೇಖನದ ಉದ್ದೇಶ.

ಮೆಕ್ಸಿಕೋ ಸ್ಪೇನಿನ ಆಳ್ವಿಕೆಯಿಂದ ಬಿಡುಗಡೆ ಹೊಂದಿದುದು 1821ರಲ್ಲಿ. ಆಗ ಅದರ ನೆಲವು ಉತ್ತರಕ್ಕೆ ಕ್ಯಾಲಿಫೋರ್ನಿಯಾದವರೆಗೂ ಹಬ್ಬಿತ್ತು. 1836ರಲ್ಲಿ ಟೆಕ್ಸಾಸ್ ಪ್ರಾಂತವು ಬೇರೆಯಾಯಿತು. 1845ರಲ್ಲಿ ಅದನ್ನು ಅಮೆರಿಕದ ಸಂಯುಕ್ತ ಸಂಸ್ಥಾನಗಳು ಸೇರಿಸಿಕೊಂಡವು. ಮರುವರ್ಷವೇ ಯುದ್ಧ. 1848ನೆಯ ಫೆಬ್ರವರಿ 2ರಂದು ಗ್ವಾದಲೂಪೆ ಹಿದಾಲ್ಗೊ ಎಂಬಲ್ಲಿ ಒಡಂಬಡಿಕೆಯಾಯಿತು. ಟೆಕ್ಸಾಸನ್ನೂ ಸೇರಿಸಿ ಲೆಕ್ಕ ಹಾಕಿದರೆ, ಮೆಕ್ಸಿಕೋ ತನ್ನ ನೆಲದ ಅರ್ಧಕ್ಕಿಂತ ಹೆಚ್ಚು ಭಾಗವನ್ನು ಕಳೆದುಕೊಂಡಿತು. ಅದಕ್ಕೆ ದೊರೆತ ಪರಿಹಾರ ಒಂದೂವರೆ ಕೋಟಿ ಡಾಲರು.

ಆ ನೆಲದಲ್ಲಿದ್ದ ಮೆಕ್ಸಿಕನರಿಗೆ ಒಡಂಬಡಿಕೆಯು ಒಂದು ವರ್ಷದ ಅವಧಿಯನ್ನು ಕೊಟ್ಟಿತು. ಬೇಕಾದವರು ಮೆಕ್ಸಿಕೋದ ಪೌರತ್ವವನ್ನು ಉಳಿಸಿಕೊಳ್ಳಬಹುದು. ಏನೂ ಹೇಳದೆ ಉಳಿದವರು ಸಂಯುಕ್ತ ಸಂಸ್ಥಾನಗಳ ಪ್ರಜೆಗಳಾಗುವರು. ರಿಯೊ ಗ್ರಾಂಡೆ ನದಿಯ ಉತ್ತರದ ದಡದಲ್ಲಿದ್ದ ಲಾರೆಡೊ ಪಟ್ಟಣದ ಕೆಲವು ಮನೆತನಗಳು ಹೊಳೆ ದಾಟಿ, ದಕ್ಷಿಣದ ದಡದಲ್ಲಿ ನುಯೆವೊ ಲಾರೆಡೊ, ಎಂದರೆ ಹೊಸ ಲಾರೆಡೊ ಎಂಬ ಊರನ್ನು ಕಟ್ಟಿಕೊಂಡವು. ಹಾಗೆ ಹೋಗುವಾಗ ಅವರು ತಮ್ಮ ಹಿರಿಯರ ಅಸ್ಥಿಗಳನ್ನೂ ಸಮಾಧಿಗಳಿಂದ ತೆಗೆದು ಒಯ್ದರೆಂದು ಅಲ್ಲಿ ಇಂದಿಗೂ ಹೇಳಿಕೆಯುಂಟು. ಆದರೆ ಬಹುಮಂದಿ ಇದ್ದಲ್ಲಿಯೇ ಉಳಿದರು. ಒಡಂಬಡಿಕೆಯು ಅವರ ಸ್ವತ್ತಿನ ಹಕ್ಕನ್ನು ಕಾಪಾಡುವುದಾಗಿ ಹೇಳಿತ್ತು. ಕ್ಯಾಲಿಫೋರ್ನಿಯಾದಲ್ಲಿ 1851ರ ಕಾನೂನು, ಹಿಡುವಳಿದಾರರೇ ತಮ್ಮ ಹಕ್ಕನ್ನು ರುಜುವಾತುಪಡಿಸತಕ್ಕದ್ದೆಂದು ವಿಧಿಸಿದಾಗ, ವ್ಯಾಜ್ಯದ ವೆಚ್ಚಕ್ಕೇ ಎಷ್ಟೋ ಮಂದಿಯ ಭೂಮಿ ಕೈಬಿಟ್ಟು ಹೋಯಿತು.

ಉಪಾಧ್ಯಾಯರಾದ ನಾವು ಗಮನಿಸತಕ್ಕ ಅಂಶ ಇನ್ನೊಂದಿದೆ. ಸ್ವತ್ತು, ಮತ, ಪೌರತ್ವ ಇವುಗಳ ವಿಷಯವಾಗಿ ಮಾತನಾಡಿದ ಆ ಒಡಂಬಡಿಕೆಯು ಭಾಷೆಯ ವಿಷಯವಾಗಿ ಏನನ್ನೂ ಹೇಳಲಿಲ್ಲ. ಇದರಿಂದ ಭಾಷೆಯ ಭವಿಷ್ಯವು ಆಯಾ ಸಂಸ್ಥಾನದ ಮರ್ಜಿಗೆ ಬಿಟ್ಟಂತಾಯಿತು. ಕ್ಯಾಲಿಫೋರ್ನಿಯಾದ 1849ರ ಸಂವಿಧಾನವು ಕಾನೂನುಗಳನ್ನು ಸ್ಪ್ಯಾನಿಷಿನಲ್ಲಿಯೂ ಪ್ರಕಟಿಸಬೇಕೆಂದು ವಿಧಿಸಿತ್ತು. 1879ರ ಸಂವಿಧಾನ ಆ ವಿಧಿಯನ್ನು ಕೈಬಿಟ್ಟಿತು. ಸ್ಪ್ಯಾನಿಷ್ ನುಡಿವವರ ಸಂಖ್ಯಾಬಲವಿದ್ದ ನ್ಯೂ ಮೆಕ್ಸಿಕೋದಲ್ಲಿ ಬೇರೆಯಾಯಿತು. 1912ರಲ್ಲಿ ಸಂಸ್ಥಾನದ ಪದವಿ ಪಡೆದ ಅದರ ಸಂವಿಧಾನವು, ಸ್ಪ್ಯಾನಿಷ್ ನುಡಿಯ ಮಕ್ಕಳಿಗೆ ಪಾಠ ಹೇಳಲು ಅನುಕೂಲವಾಗುವಂತೆ ಉಪಾಧ್ಯಾಯರನ್ನು ಎರಡೂ ಭಾಷೆಗಳಲ್ಲಿ ತರಬೇತುಗೊಳಿಸಬೇಕೆಂದು ಹೇಳುತ್ತದೆ. ಭಾಷೆಯ ರಕ್ಷಣೆಯೆಂದರೆ ಕಡೆಗೆ ಉಪಾಧ್ಯಾಯರ ತರಬೇತಿಯೆಂಬುದನ್ನು ಸಂವಿಧಾನಕಾರರು ಅಷ್ಟು ಹಿಂದೆಯೇ ಮನಗಂಡಿದ್ದರು.

ಇನ್ನು ಜನರು ಗಡಿ ದಾಟಿದ ಕಥೆ. ರೈಲುದಾರಿಯ ಕೆಲಸ, ಗಣಿಗಳು, ಹತ್ತಿಯ ಹೊಲಗಳು ಮೆಕ್ಸಿಕೋದ ಕೂಲಿಯವರನ್ನು ಉತ್ತರಕ್ಕೆ ಸೆಳೆದವು. 1910ರಲ್ಲಿ ಮೊದಲಾದ ಮಹಾಕ್ರಾಂತಿಯ ಕೋಲಾಹಲದಲ್ಲಿ ಇನ್ನೂ ಲಕ್ಷಾಂತರ ಮಂದಿ ಹೊರಟರು. 1930ರ ದಶಕದ ಆರ್ಥಿಕ ಮುಗ್ಗಟ್ಟಿನಲ್ಲಿ ಅದೇ ಜನರನ್ನು ಲಕ್ಷಗಟ್ಟಲೆಯಾಗಿ ಹಿಂದಕ್ಕೆ ಕಳುಹಿಸಲಾಯಿತು. ಅವರಲ್ಲಿ ಸಂಯುಕ್ತ ಸಂಸ್ಥಾನಗಳಲ್ಲಿಯೇ ಹುಟ್ಟಿ ಅಲ್ಲಿನ ಪ್ರಜೆಗಳೇ ಆಗಿದ್ದ ಮಕ್ಕಳು ಎಷ್ಟೋ ಮಂದಿ ಇದ್ದರು. ಎರಡನೆಯ ಮಹಾಯುದ್ಧ ಬಂದು ಆಳುಗಳ ಅಭಾವವಾದೊಡನೆ ಮತ್ತೆ ಕರೆ ಬಂತು. 1942ರಿಂದ 1964ರವರೆಗೆ ನಡೆದ ‘ಬ್ರಾಸೆರೊ’ ಎಂಬ ಯೋಜನೆಯಲ್ಲಿ 45 ಲಕ್ಷಕ್ಕೂ ಮಿಗಿಲಾದ ಕೂಲಿ ಕರಾರುಗಳಾದವು. ಬ್ರಾಸೊ ಎಂದರೆ ಸ್ಪ್ಯಾನಿಷಿನಲ್ಲಿ ತೋಳು. ತೋಳು ಬೇಕಾಗಿತ್ತು, ತೋಳಿನ ಹಿಂದಿದ್ದ ಮನುಷ್ಯನ ವಿಚಾರ ಅಷ್ಟಾಗಿ ಯಾರಿಗೂ ಬೇಕಾಗಿರಲಿಲ್ಲ. ಆರಂಭದ ವರ್ಷಗಳಲ್ಲಿ ಕೂಲಿಯ ಹತ್ತರಲ್ಲೊಂದು ಪಾಲನ್ನು ಉಳಿತಾಯವೆಂದು ಹಿಡಿದಿಟ್ಟಿದ್ದು, ಅದು ಬಹುಮಂದಿಗೆ ತಲಪಲೇ ಇಲ್ಲ.

ಯೋಜನೆ ನಿಂತರೂ ಹೋಗಿ ಬರುವುದು ನಿಲ್ಲಲಿಲ್ಲ; ಕಾಗದಪತ್ರವಿಲ್ಲದೆ ಹೋಗುವುದು ಹೆಚ್ಚಿತು. 1986ರ ಕಾನೂನಿನಿಂದ ಸುಮಾರು 27 ಲಕ್ಷ ಮಂದಿಗೆ ಅಲ್ಲಿ ನೆಲೆಸುವ ಹಕ್ಕು ಸಿಕ್ಕಿತು. ಅವರಲ್ಲಿ ಬಹುಪಾಲು ಮೆಕ್ಸಿಕನರು. 1994ರ ಜನವರಿ 1ರಂದು ಉತ್ತರ ಅಮೆರಿಕದ ಮುಕ್ತ ವ್ಯಾಪಾರದ ಒಪ್ಪಂದ ಜಾರಿಗೆ ಬಂತು. ಯಂತ್ರಬಲದಿಂದಲೂ ಸರ್ಕಾರದ ಸಹಾಯಧನದಿಂದಲೂ ಬೆಳೆದ ಉತ್ತರದ ಅಗ್ಗದ ಮುಸುಕಿನ ಜೋಳದ ಎದುರಿಗೆ ಮೆಕ್ಸಿಕೋದ ಸಣ್ಣ ರೈತ ನಿಲ್ಲದಾದನು. ಅದೇ ಕಾಲಕ್ಕೆ ಗಡಿಯ ಕಾವಲು ಬಿಗಿಯಾಯಿತು. ಬಿಗಿಯಾದುದರ ಪರಿಣಾಮ ವಿಚಿತ್ರವಾದುದು. ಮೊದಲು ಸುಗ್ಗಿಗೆ ಹೋಗಿ ಹಬ್ಬಕ್ಕೆ ಮರಳುತ್ತಿದ್ದವನು, ಮತ್ತೊಮ್ಮೆ ದಾಟುವುದು ದುಸ್ತರವೆಂದು ಅಲ್ಲಿಯೇ ನಿಂತು, ಹೆಂಡತಿ ಮಕ್ಕಳನ್ನು ಕರೆಸಿಕೊಂಡನು. ಹೀಗೆ ಕೂಲಿಯ ವಲಸೆಯು ಕುಟುಂಬದ ವಲಸೆಯಾಗಿ, ಪ್ರಶ್ನೆಯು ಹೊಲದಿಂದ ಶಾಲೆಗೆ ಬಂತು.

ಶಾಲೆಯಲ್ಲಿ ಆ ಮಕ್ಕಳು ಕಂಡುದೇನು? ಕ್ಯಾಲಿಫೋರ್ನಿಯಾದ ಆರೆಂಜ್ ಕೌಂಟಿಯಲ್ಲಿ ಮೆಕ್ಸಿಕನ್ ಮಕ್ಕಳಿಗೆ ಪ್ರತ್ಯೇಕ ಶಾಲೆಗಳಿದ್ದವು. ಗೊಂಜಾಲೊ ಮೆಂಡೆಜ್ ಮೊದಲಾದ ಐವರು ತಂದೆಯರು ನ್ಯಾಯಾಲಯಕ್ಕೆ ಹೋದರು. 1946ರಲ್ಲಿ ಅವರ ಪರವಾಗಿ ತೀರ್ಪಾಗಿ, 1947ರಲ್ಲಿ ಮೇಲಿನ ನ್ಯಾಯಾಲಯವೂ ಅದನ್ನು ಎತ್ತಿಹಿಡಿಯಿತು. ನೀಗ್ರೋ ಮಕ್ಕಳೆಂದು ಆಗ ಕರೆಯುತ್ತಿದ್ದ ಕರಿಯ ಮಕ್ಕಳ ಪ್ರತ್ಯೇಕ ಶಾಲೆಗಳನ್ನು ತಳ್ಳಿಹಾಕಿದ 1954ರ ಪ್ರಸಿದ್ಧ ತೀರ್ಪಿಗೆ ಇದು ಮುಂದಾಳಾಯಿತು. ಬಾಗಿಲು ತೆರೆದರೂ ಬಾಯಿಗೆ ಕಟ್ಟಿದ್ದ ಬಟ್ಟೆ ಬಿಚ್ಚಲಿಲ್ಲ. ಶಾಲೆಯ ಆವರಣದಲ್ಲಿ ಸ್ಪ್ಯಾನಿಷ್ ಮಾತನಾಡಿದ ಮಕ್ಕಳಿಗೆ ಟೆಕ್ಸಾಸ್ ಮೊದಲಾದೆಡೆ ದಂಡನೆಯಾಗುತ್ತಿತ್ತು. 1968ರ ಮಾರ್ಚ್ ತಿಂಗಳಲ್ಲಿ ಲಾಸ್ ಏಂಜಲೀಸಿನ ಪೂರ್ವಭಾಗದ ಪ್ರೌಢಶಾಲೆಗಳಿಂದ ಸಾವಿರಾರು ವಿದ್ಯಾರ್ಥಿಗಳು ಹೊರನಡೆದು, ತಮ್ಮ ನುಡಿಗೂ ಚರಿತ್ರೆಗೂ ಪಾಠದಲ್ಲಿ ಎಡೆ ಬೇಕೆಂದು ಕೇಳಿದರು. ಆ ವರ್ಷವೇ ದ್ವಿಭಾಷಾ ಶಿಕ್ಷಣದ ಕಾನೂನೂ ಬಂತು. ಅದೂ ನಿಶ್ಚಿತವಾಗಿ ನಿಲ್ಲಲಿಲ್ಲ: ಕ್ಯಾಲಿಫೋರ್ನಿಯಾದ ಮತದಾರರು 1998ರಲ್ಲಿ ದ್ವಿಭಾಷಾ ಬೋಧನೆಯನ್ನು ಬಹುಮಟ್ಟಿಗೆ ತಡೆದರು, 2016ರಲ್ಲಿ ಆ ತಡೆಯನ್ನು ಅವರೇ ತೆಗೆದರು.

ಇಷ್ಟನ್ನು ಓದಿ, ಉತ್ತರದ ದೇಶದ್ದೇ ಎಲ್ಲ ತಪ್ಪು ಎಂದು ಹೇಳಿ ಮುಗಿಸಿದರೆ ವಿಷಯದ ಅರ್ಧವನ್ನೇ ಹೇಳಿದಂತಾದೀತು. ಮೆಕ್ಸಿಕೋದ ಒಳಗೆ ಏನು ನಡೆಯಿತೆಂಬುದನ್ನೂ ನೋಡಬೇಕು.

ಕ್ರಾಂತಿಯ ತರುವಾಯ ಆ ದೇಶವು ‘ನಾವು ಯಾರು?’ ಎಂದು ಕೇಳಿಕೊಂಡಿತು. 1921ರಲ್ಲಿ ಸ್ಥಾಪಿತವಾದ ಸಾರ್ವಜನಿಕ ಶಿಕ್ಷಣ ಇಲಾಖೆಯ ಮುಖ್ಯಸ್ಥ ಹೊಸೆ ವಾಸ್ಕೊನ್ಸೆಲೊಸ್ ಕೊಟ್ಟ ಉತ್ತರ, ಸ್ಪ್ಯಾನಿಷ್ ರಕ್ತವೂ ಮೂಲನಿವಾಸಿಗಳ ರಕ್ತವೂ ಬೆರೆತ ‘ಮೆಸ್ತಿಸೊ’ ಜನಾಂಗವೇ ನಾವು ಎಂಬುದು. ಅವನು ಸಾರ್ವಜನಿಕ ಕಟ್ಟಡಗಳ ಗೋಡೆಗಳನ್ನು ದಿಯೆಗೊ ರಿವೇರಾನಂತಹ ಚಿತ್ರಕಾರರಿಗೆ ಒಪ್ಪಿಸಿದನು. ಉಪಾಧ್ಯಾಯರ ತಂಡಗಳನ್ನು ಹಳ್ಳಿಗಾಡಿಗೆ ಕಳುಹಿಸಿದನು. ಕೊಲಂಬಿಯಾದಲ್ಲಿ ಜಾನ್ ಡ್ಯೂಯಿಯ ವಿಚಾರಗಳನ್ನು ಅಭ್ಯಸಿಸಿ ಬಂದ ಮೊಯಿಸೆಸ್ ಸಾಯೆನ್ಸ್ ಗ್ರಾಮಶಾಲೆಗಳನ್ನು ಬೆಳೆಸಿದನು. ತೋಟ, ಕೈಕಸಬು, ಆರೋಗ್ಯ, ಓದು ಎಲ್ಲವೂ ಒಂದೆಡೆ ಸೇರಿದ ಆ ಶಾಲೆಗೆ ‘ಜನರ ಮನೆ’ ಎಂದೇ ಹೆಸರು. ಶಿಕ್ಷಣದ ಚರಿತ್ರೆಯಲ್ಲಿ ಇದು ಗೌರವದಿಂದ ನೆನೆಯತಕ್ಕ ಪ್ರಯತ್ನ.

ಆದರೆ ಆ ಮನೆಯೊಳಗೆ ಜಪೋತೆಕ, ಮಿಸ್ತೆಕ, ಮಾಯಾ, ನಾವಾತ್ಲ್ ನುಡಿಗಳಿಗೆ ಜಾಗವಿರಲಿಲ್ಲ. ರಾಷ್ಟ್ರ ಒಂದಾಗಬೇಕಾದರೆ ಎಲ್ಲರೂ ಸ್ಪ್ಯಾನಿಷ್ ಆಡಬೇಕೆಂಬುದು ಅಂದಿನ ನೀತಿ. ಹತ್ತೊಂಬತ್ತನೆಯ ಶತಮಾನದ ಮಹಾ ಅಧ್ಯಕ್ಷ ಬೆನಿತೊ ಹುವಾರೆಸ್ ಜಪೋತೆಕ ಮನೆಯ ಹುಡುಗ. ಹನ್ನೆರಡರ ಹರೆಯದವರೆಗೆ ಸ್ಪ್ಯಾನಿಷ್ ಬಾರದವನು. ಅವನ ಪ್ರತಿಮೆ ಊರೂರಿನಲ್ಲಿ ನಿಂತಿತು. ಅವನ ಮನೆಮಾತನ್ನಾಡಿದ ಮಗುವಿಗೆ ಶಾಲೆಯಲ್ಲಿ ಪೆಟ್ಟು ಬಿತ್ತು. ಟೆಕ್ಸಾಸಿನಲ್ಲಿ ಸ್ಪ್ಯಾನಿಷಿಗೆ ಆದುದೇ ವಹಾಕ ಪ್ರಾಂತದಲ್ಲಿ ಸ್ಪ್ಯಾನಿಷಿನ ಹೆಸರಿನಲ್ಲಿ ಜಪೋತೆಕಕ್ಕೆ ಆಯಿತು.

ಬೇರೆ ದಾರಿ ಇರಲಿಲ್ಲವೆ? ಇತ್ತು. 1939ರಲ್ಲಿ ಮಿಚೋವಕಾನ್ ಪ್ರಾಂತದಲ್ಲಿ ಭಾಷಾವಿಜ್ಞಾನಿ ಮಾರಿಸ್ ಸ್ವಾಡೆಶ್ ಮುಂದಾಳಾಗಿ, ಪುರೆಪೆಚಾ ಜನರಿಗೆ ಮೊದಲು ಅವರ ನುಡಿಯಲ್ಲಿಯೇ ಅಕ್ಷರ ಕಲಿಸಿ, ಆ ಬಳಿಕ ಸ್ಪ್ಯಾನಿಷಿಗೆ ದಾಟಿಸುವ ಪ್ರಯೋಗ ನಡೆಯಿತು. ಸರ್ಕಾರ ಬದಲಾದ ಮೇಲೆ ಆ ಪ್ರಯೋಗ ಬಹುಕಾಲ ಬಾಳಲಿಲ್ಲ. ದೇಶವು ಆ ದಾರಿಯನ್ನು ಕಾನೂನಿನಿಂದ ಒಪ್ಪಿಕೊಳ್ಳಲು ಇನ್ನೂ ಅರ್ಧ ಶತಮಾನ ಬೇಕಾಯಿತು. 1992ರಲ್ಲಿ ಸಂವಿಧಾನವು ಮೆಕ್ಸಿಕೋ ಬಹುಸಂಸ್ಕೃತಿಗಳ ರಾಷ್ಟ್ರವೆಂದು ಸಾರಿತು. 2003ರ ಕಾನೂನು ಮೂಲನಿವಾಸಿಗಳ ನುಡಿಗಳೂ ರಾಷ್ಟ್ರೀಯ ಭಾಷೆಗಳೆಂದು ಘೋಷಿಸಿತು. ಅಲ್ಲಿ 68 ಭಾಷೆಗಳನ್ನು ಗುರುತಿಸಿದ್ದಾರೆ. 2020ರ ಜನಗಣತಿಯಂತೆ 12 ಕೋಟಿ 60 ಲಕ್ಷ ಜನರಲ್ಲಿ ಅವನ್ನಾಡುವವರು ಸುಮಾರು 73 ಲಕ್ಷ. ಮಾನ್ಯತೆ ಬರುವ ಹೊತ್ತಿಗೆ ಒಟ್ಟು ಜನರಲ್ಲಿ ಅವನ್ನಾಡುವವರ ಪಾಲು ಕುಗ್ಗಿತ್ತು.

ಮೆಕ್ಸಿಕನರ ಮನಸ್ಸನ್ನು ಕುರಿತು ‘ಏಕಾಂತದ ಚಕ್ರವ್ಯೂಹ’ ಎಂಬರ್ಥದ ಹೆಸರಿನ ಗ್ರಂಥವನ್ನು 1950ರಲ್ಲಿ ಪ್ರಕಟಿಸಿದ ಒಕ್ತಾವಿಯೊ ಪಾಜ್, 1962ರಿಂದ 1968ರವರೆಗೆ ನಮ್ಮ ದೇಶದಲ್ಲಿ ಮೆಕ್ಸಿಕೋದ ರಾಯಭಾರಿಯಾಗಿದ್ದ ಕವಿ. ಮೆಕ್ಸಿಕನನ ಸ್ವರೂಪವನ್ನು ವಿವರಿಸಹೊರಟ ಆತನು ಗ್ರಂಥವನ್ನು ಆರಂಭಿಸಿದುದು ಲಾಸ್ ಏಂಜಲೀಸಿನ ವಲಸೆಗಾರರ ತರುಣರಿಂದ. ಅತ್ತ ಪೂರ್ತಿ ಸೇರದ, ಇತ್ತ ಪೂರ್ತಿ ಮರಳದ ಆ ತರುಣನಲ್ಲಿ ದೇಶದ ಪ್ರಶ್ನೆಯೇ ಎದ್ದು ಕಾಣುತ್ತದೆಂದು ಆತನಿಗೆ ತೋರಿತು.

ಆದರೂ ನಂಟನ್ನು ಬಿಡದ ಸಮಾಜಗಳುಂಟು. ವಹಾಕದ ಮಿಸ್ತೆಕ ಮತ್ತು ಜಪೋತೆಕ ಹಳ್ಳಿಗಳಲ್ಲಿ ‘ತೆಕಿಯೊ’ ಎಂಬ ಪದ್ಧತಿಯಿದೆ: ದಾರಿ, ಶಾಲೆ, ನೀರುಕಾಲುವೆಗಳಿಗಾಗಿ ಪ್ರತಿ ಮನೆಯವರೂ ಬಿಟ್ಟಿ ದುಡಿಯಬೇಕು. ಹಾಗೆಯೇ ಸರದಿಯಂತೆ ಊರಿನ ಹುದ್ದೆಗಳನ್ನೂ ಹೊರಬೇಕು. ಕ್ಯಾಲಿಫೋರ್ನಿಯಾದ ಹಣ್ಣಿನ ತೋಟದಲ್ಲಿದ್ದವನಿಗೂ ಊರು ವಿನಾಯಿತಿ ಕೊಡುವುದಿಲ್ಲ. ಸರದಿ ಬಂದಾಗ ಅವನು ಮರಳಬೇಕು, ಇಲ್ಲವೆ ಹಣ ಕೊಟ್ಟು ಬೇರೊಬ್ಬನನ್ನು ನಿಲ್ಲಿಸಬೇಕು. ಇಂತಹ ಕರ್ತವ್ಯ ಅವನನ್ನು ಊರಿನವನನ್ನಾಗಿ ಉಳಿಸುತ್ತದೆ. ಝಾಕಾತೆಕಾಸ್ ಮೊದಲಾದ ಪ್ರಾಂತಗಳ ವಲಸೆಗಾರರು ಊರಿನ ಹೆಸರಿನ ಸಂಘಗಳನ್ನು ಕಟ್ಟಿದರು. ಅವರು ಕೂಡಿಸಿದ ಹಣಕ್ಕೆ ಸರ್ಕಾರಗಳು ತಮ್ಮ ಪಾಲನ್ನು ಸೇರಿಸಿ ಕೆಲಸ ನಡೆಸುವ ಏರ್ಪಾಡು 2002ರಲ್ಲಿ ದೇಶಕ್ಕೆಲ್ಲ ವ್ಯಾಪಿಸಿ ಹಲವು ವರ್ಷ ನಡೆಯಿತು. 2023ರಲ್ಲಿ ಮೆಕ್ಸಿಕೋಗೆ ಹೊರಗಿನಿಂದ ಬಂದ ಹಣ 6,300 ಕೋಟಿ ಡಾಲರಿಗೆ ಮುಟ್ಟಿತು. ದೇಶ ಬಿಟ್ಟವರನ್ನು ಒಮ್ಮೆ ಹೀನಾಯವಾಗಿ ಕಂಡ ಸರ್ಕಾರವೂ ಮನಸ್ಸು ಬದಲಿಸಿತು: 1998ರಿಂದ ಎರಡು ರಾಷ್ಟ್ರೀಯತೆಗಳನ್ನು ಹೊಂದುವ ಅವಕಾಶ, 2006ರ ಅಧ್ಯಕ್ಷರ ಚುನಾವಣೆಯಿಂದ ಹೊರಗಿದ್ದೇ ಮತ ಹಾಕುವ ಹಕ್ಕು ಅವರಿಗೆ ಬಂದವು.

ಈ ಶತಮಾನದಲ್ಲಿ ಪ್ರವಾಹ ಇನ್ನೊಂದು ತಿರುವು ಪಡೆದಿದೆ. 2005ರಿಂದ 2010ರ ಅವಧಿಯಲ್ಲಿ ಉತ್ತರಕ್ಕೆ ಹೋದವರಷ್ಟೇ ಮಂದಿ, ಸುಮಾರು 14 ಲಕ್ಷ, ದಕ್ಷಿಣಕ್ಕೆ ಮರಳಿದರು. ಅವರೊಡನೆ ಬಂದ ಮಕ್ಕಳು ಇಂಗ್ಲಿಷಿನಲ್ಲಿ ಓದಿದವರು. ಮನೆಯಲ್ಲಿ ಸ್ಪ್ಯಾನಿಷ್ ಆಡಬಲ್ಲರು, ಬರೆಯಲಾರರು. ಅತ್ತ ಮೆಕ್ಸಿಕನರೆನಿಸಿಕೊಂಡವರು ಇತ್ತ ‘ಪೋಚೊ’, ಎಂದರೆ ನುಡಿಗೆಟ್ಟವರು ಎಂಬ ಮೂದಲಿಕೆ ಕೇಳಬೇಕಾಯಿತು. ಇದರ ಜೊತೆಗೆ ಮೆಕ್ಸಿಕೋ ತಾನೇ ಆಶ್ರಯದ ನಾಡಾಗಿದೆ. ಹೈಟಿ, ಹೊಂಡುರಾಸ್, ವೆನೆಜುವೆಲಾ ಮೊದಲಾದ ದೇಶಗಳವರಿಂದ 2023ರಲ್ಲಿ ಆಶ್ರಯ ಕೋರಿ ಬಂದ ಅರ್ಜಿಗಳು 1 ಲಕ್ಷ 40 ಸಾವಿರವನ್ನು ಮೀರಿದವು. ತನ್ನವರಿಗಾಗಿ ನೆರೆಯ ದೇಶದಲ್ಲಿ ಕೇಳಿದ ಮರ್ಯಾದೆಯನ್ನು ತಾನು ಬಂದವರಿಗೆ ಕೊಡಬೇಕಾದ ಪ್ರಸಂಗ ಆ ದೇಶಕ್ಕೆ ಒದಗಿದೆ.

ಈ ಚರಿತ್ರೆಯಿಂದ ನಮಗೆ ತೋರುವ ಸಂಗತಿ ಇಷ್ಟು. ಅಲ್ಪಸಂಖ್ಯಾತ ಭಾಷೆಯೆಂಬುದು ಯಾವ ಭಾಷೆಯ ಹುಟ್ಟುಗುಣವೂ ಅಲ್ಲ. ಅದು ನಿಂತ ಸ್ಥಳದ ಗುಣ. ರಿಯೊ ಗ್ರಾಂಡೆಯ ಆಚೆ ದಣಿದ ಸ್ಪ್ಯಾನಿಷ್ ಈಚೆ ದಣಿಸಿತು. ಮಿಸ್ತೆಕ ಮಗುವೊಂದು ಊರು ಬಿಟ್ಟು ಕ್ಯಾಲಿಫೋರ್ನಿಯಾದ ಶಾಲೆಗೆ ಹೋದರೆ ಎರಡು ಭಾಷೆಗಳ ಎದುರಿಗೆ ಮೂಕವಾಗುತ್ತದೆ; ಅದನ್ನು ಮೆಕ್ಸಿಕನ್ ಎಂದು ಬರೆದುಕೊಂಡ ಉಪಾಧ್ಯಾಯನು ಸ್ಪ್ಯಾನಿಷ್ ಪುಸ್ತಕ ಕೊಟ್ಟು ತನ್ನ ಕರ್ತವ್ಯ ಮುಗಿಯಿತೆಂದು ತಿಳಿಯಬಹುದು.

ಗಡಿಯಾಚೆಯ ಕನ್ನಡ ಶಾಲೆಗಾಗಿ ಅರ್ಜಿ ಬರೆಯುವ ನಾವು, ಅದೇ ಶಾಲೆಯ ಬೆಂಚಿನ ಮೇಲೆ ತುಳು, ಬಡಗ, ಲಂಬಾಣಿ ಮನೆಮಾತಿನ ಮಗುವೂ ಕುಳಿತಿದೆಯೆಂಬುದನ್ನು ಕಾಣಬೇಕು. ಮೇಲಿನವರಲ್ಲಿ ಯಾವ ನ್ಯಾಯವನ್ನು ಬೇಡುತ್ತೇವೆಯೋ ಅದನ್ನು ನಮ್ಮ ತರಗತಿಯಲ್ಲಿ ನಾವೇ ಕೊಡಲು ಯಾವ ಸರ್ಕಾರದ ಅಪ್ಪಣೆಯೂ ಬೇಕಾಗಿಲ್ಲ. ಹೊಸ ಮಗು ಶಾಲೆಗೆ ಬಂದ ದಿನ ಅದರ ಮನೆಯಲ್ಲಿ ಯಾವ ಮಾತೆಂದು ಕೇಳಿ ತಿಳಿದು, ಆ ಮಾತಿನ ನಾಲ್ಕು ಪದಗಳನ್ನಾದರೂ ಕಲಿತು ಪಾಠ ಆರಂಭಿಸುವುದು ನಮ್ಮ ಕೈಯಲ್ಲಿಯೇ ಇದೆ.