ಮಡಿಸಿದ ಆಟ, ಕತ್ತರಿಸಿದ ಆಟ

1985ರಲ್ಲಿ ಜಪಾನಿನ ನಿಂಟೆಂಡೊ ಹೊರತಂದ ‘ಸೂಪರ್ ಮಾರಿಯೊ ಬ್ರದರ್ಸ್’ ಸುಮಾರು 40 ಕಿಲೋಬೈಟಿನಲ್ಲಿ ಅಡಗಿತ್ತು. ಅದರಲ್ಲಿ ಮುಗಿಲಿಗೂ ಪೊದೆಗೂ ಒಂದೇ ಚಿತ್ರ, ಬಣ್ಣ ಮಾತ್ರ ಬೇರೆ, ಜಾಣತನವೆಂದರೆ ಇದು! 1994ರಲ್ಲಿ ಪ್ಲೇಸ್ಟೇಷನ್ ಬಂದಾಗ ಸಿ.ಡಿ.ಯೊಂದರಲ್ಲಿ 650 ಮೆಗಾಬೈಟಿನಷ್ಟು ಎಡೆ ದೊರೆತು, ಸಂಗೀತ, ಚಲಚ್ಚಿತ್ರಗಳು ತುಂಬಿಕೊಂಡವು.

ಹಳೆಯ ಯಂತ್ರವನ್ನು ಅನುಕರಿಸುವ ‘ಎಮ್ಯುಲೇಟರ್’ ತಂತ್ರಾಂಶದಿಂದ ಇಂದು ಅವನ್ನು ಮೊಬೈಲಿನಲ್ಲಿ ಆಡುವವರಿಗೆ ಜಾಗದ್ದೇ ಚಿಂತೆ. ಸಿ.ಎಚ್.ಡಿ. ಎಂಬ ಕಡತರೂಪವು ಆಟವನ್ನು ಸೀರೆಯಂತೆ ಮಡಿಸಿಡುತ್ತದೆ. ಬಿಚ್ಚಿದಾಗ ಒಂದೆಳೆಯೂ ನಷ್ಟವಾಗಿರುವುದಿಲ್ಲ. ಆದರೆ ಸಂಗೀತವನ್ನೂ ದೃಶ್ಯಗಳನ್ನೂ ಕಿತ್ತೊಗೆದು ಕಿರಿದಾಗಿಸಿದ ‘ರಿಪ್’ ಪ್ರತಿಗಳೂ ಉಂಟು. ಓಲೆಗರಿಗಳನ್ನು ಓದಿದವರು ಗ್ರಂಥಪಾತದ ಸಂಕಟವನ್ನು ಬಲ್ಲರು. ಅಲ್ಲಿ ತಿಂದದ್ದು ಹುಳು, ಇಲ್ಲಿ ಕತ್ತರಿಸಿದ್ದು ಮನುಷ್ಯನ ಕೈ. ಇಂಥ ಪ್ರತಿಯನ್ನೇ ಮೊದಲು ಆಡಿದ ಹುಡುಗನು ಆ ಆಟ ಹುಟ್ಟುಮೂಕವೆಂದೇ ನಂಬುತ್ತಾನೆ.