ಇಪ್ಪತ್ತನಾಲ್ಕು ಮೊಳದ ಕಂಬ

ಒಂದು ಕಂಬ. ಅದರ ಎಂಟನೇ ಒಂದು ಭಾಗ ನೆಲದೊಳಗೆ ಹೂತಿದೆ, ಮೂರನೇ ಒಂದು ಭಾಗ ನೀರಿನಲ್ಲಿದೆ, ಕಾಲುಭಾಗ ಪಾಚಿಯಲ್ಲಿದೆ. ಉಳಿದ ಏಳು ಮೊಳ ಮೇಲೆ ಕಾಣುತ್ತಿದೆ. ಕಂಬದ ಉದ್ದವೆಷ್ಟು?

ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದಲ್ಲಿ, 9ನೇ ಶತಮಾನದಲ್ಲಿ, ಜೈನ ಗಣಿತಜ್ಞ ಮಹಾವೀರಾಚಾರ್ಯ ಸಂಸ್ಕೃತದಲ್ಲಿ ಬರೆದ 'ಗಣಿತಸಾರಸಂಗ್ರಹ'ದ ಲೆಕ್ಕವಿದು.

ಎಂಟನೆಯದು, ಮೂರನೆಯದು, ನಾಲ್ಕನೆಯದು ಬೇರೆ ಬೇರೆ ಅಳತೆಯ ತುಂಡುಗಳು. ಹಾಗೇ ಕೂಡಿಸಲು ಬಾರದು. ಛೇದಗಳನ್ನೆಲ್ಲ ಗುಣಿಸಿದರೆ 96. ಉತ್ತರ ತಪ್ಪುವುದಿಲ್ಲ, ಆದರೆ 12, 32, 24 ಎಂದು ಅಂಶಗಳು ಉಬ್ಬುತ್ತವೆ. ಮಹಾವೀರ ಅಷ್ಟಕ್ಕೇ ಬಿಡಲಿಲ್ಲ. ಛೇದಗಳಿಗೆ ಸಾಮಾನ್ಯವಾದ ಅಪವರ್ತನಗಳನ್ನು ಮತ್ತೆ ಮತ್ತೆ ಗುಣಿಸದೆ 'ನಿರುದ್ಧ'ವನ್ನು ಕಂಡುಕೊಳ್ಳುವ ಸೂತ್ರ ಕೊಟ್ಟ. ಮಕ್ಕಳು ಇಂದು ಲ.ಸಾ.ಅ. ಎನ್ನುವುದು ಇದನ್ನೇ. ಇಲ್ಲಿ ಅದು 24. ನೆಲದಲ್ಲಿ 3/24, ನೀರಿನಲ್ಲಿ 8/24, ಪಾಚಿಯಲ್ಲಿ 6/24, ಉಳಿದದ್ದು 7/24. ಏಳು ತುಂಡಿಗೆ ಏಳು ಮೊಳ, ಕಂಬ 24 ಮೊಳ! 1/8 ಹೋಗಿ 3/24 ಆದರೂ ನೆಲದೊಳಗಿನ ಭಾಗ ಕೂದಲೆಳೆಯಷ್ಟೂ ಬೆಳೆಯಲಿಲ್ಲ. ತಕ್ಕ ಛೇದ ಸಿಕ್ಕಿದರೆ ಲೆಕ್ಕ ತಾನೇ ಬಿಡಿಸಿಕೊಳ್ಳುತ್ತದೆ.

ಈ ಕೆಲಸಕ್ಕೆ ಹಳೆಯ ಹೆಸರು 'ಕಲಾಸವರ್ಣ'. ಕಲೆಯೆಂದರೆ ಹದಿನಾರನೇ ಒಂದು ಪಾಲು, ಚಂದ್ರನಿಗಿರುವ ಹದಿನಾರು ಕಲೆಗಳಂತೆ. ಸವರ್ಣವೆಂದರೆ ಒಂದೇ ಬಣ್ಣದ್ದು. ಭಿನ್ನರಾಶಿಗಳನ್ನೆಲ್ಲ ಒಂದೇ ಬಣ್ಣಕ್ಕೆ ತರುವುದು. 'ಸಮಾನ ಭಿನ್ನರಾಶಿ' ಎಂಬ ಪಠ್ಯಪುಸ್ತಕದ ಮಾತಿಗಿಂತ ಇದು ನನ್ನ ಮನಸ್ಸಿಗೆ ಹತ್ತಿರ.

ಹದಿನಾರರ ಲೆಕ್ಕ ನಮ್ಮ ಹಿರಿಯರ ಸೊಂಟದ ಚೀಲದಲ್ಲೂ ಇತ್ತು. ರೂಪಾಯಿಗೆ 16 ಆಣೆ. ಕಾಲು ರೂಪಾಯಿ ನಾಲ್ಕಾಣೆ, ಮುಕ್ಕಾಲು ಹನ್ನೆರಡಾಣೆ. ಕಾಲು, ಅರೆ, ವೀಸದ ಮಗ್ಗಿ ಬಾಯಿಪಾಠ. 3/4 ಎಂದರೆ 12/16 ಎಂಬುದು ಅಕ್ಷರ ಬಾರದವರಿಗೂ ಸಂತೆಯಲ್ಲಿ ಗೊತ್ತಿತ್ತು. ಆದರೆ ಒಂದು ರೂಪಾಯಿಯನ್ನು ಮೂವರಿಗೆ ಹಂಚಬೇಕಾದಾಗ? ಹದಿನಾರು ಮೂರರಿಂದ ಭಾಗವಾಗದು. ಅದಕ್ಕೆ ಪೈ ಇತ್ತು: ಆಣೆಗೆ 12, ರೂಪಾಯಿಗೆ 192. ತಲೆಗೆ 64 ಪೈ, ಅಂದರೆ ಐದಾಣೆ ನಾಲ್ಕು ಪೈ.

1957ರ ಏಪ್ರಿಲ್ 1ರಂದು ರೂಪಾಯಿಯ ಛೇದ 100 ಆಯಿತು. ಕಾಲಿಗೆ 25 ನಯಾ ಪೈಸೆ, ಅರ್ಧಕ್ಕೆ 50. ಕಾಗದದ ಮೇಲಿನ ಲೆಕ್ಕ ಹಗುರವಾಯಿತು, ನಿಜ. ನಾಲ್ಕಾಣೆ, ಎಂಟಾಣೆ ಎಂಬ ಹೆಸರುಗಳಂತೂ ಆಣೆ ಹೋದ ಮೇಲೂ ಜನರ ಬಾಯಲ್ಲಿ ಉಳಿದವು. ಮೂವರಿಗೆ ಹಂಚುವಾಗ ಮಾತ್ರ ತಲೆಗೆ 33 ಬಂದು, ಒಂದು ಪೈಸೆ ಯಾರಿಗೂ ಸೇರದೆ ನಡುವೆ ಉಳಿಯತೊಡಗಿತು.